ಮರಿಯಾ ಕ್ಯಾಲಸ್ ಮತ್ತು ಕೆರುಬೀನಿಯ ‘ಮೆದೇಯಾ’

ಸೊಪ್ರಾನೋ ಗಾಯಕಿ ಮರಿಯಾ ಕ್ಯಾಲಸ್ (1923–1977) ಅವರ ಕುರಿತ ಬರಹಗಳು ಬಹುಮಟ್ಟಿಗೆ ಬೆಲ್ಲಿನಿ, ಡೊನಿಝೆಟ್ಟಿ, ವೆರ್ಡಿ, ಪುಚ್ಚಿನಿಯರ ನಾಯಕಿಯರನ್ನೇ ಹಿಡಿದು ಹೊರಡುತ್ತವೆ. ಅದಕ್ಕಿಂತ ಹಿಂದಿನ ಅಭಿಜಾತ ಯುಗದ ಒಪೆರಾಗಳಲ್ಲಿ ಅವರು ವಹಿಸಿದ ಪಾತ್ರಗಳು ಕೆಲವೇ. ಮೊಟ್ಸಾರ್ಟ್‌ನದಂತೂ ರಂಗದ ಮೇಲೆ ಒಂದೇ ಒಂದು: 1952ರಲ್ಲಿ ಮಿಲಾನಿನ ಲಾ ಸ್ಕಾಲಾದಲ್ಲಿ ಹಾಡಿದ ಕೊನ್‌ಸ್ಟಾಂಟ್ಸೆ. ಆದರೂ ಅವರ ಕಲೆಯ ಮರ್ಮ ಈ ಕೆಲವೇ ಪಾತ್ರಗಳಲ್ಲಿ, ಅದರಲ್ಲೂ ಕೆರುಬೀನಿಯ ‘ಮೆದೇಯಾ’ದಲ್ಲಿ, ಹೆಚ್ಚು ನಿಚ್ಚಳವಾಗಿದೆ ಎಂಬುದು ಈ ಲೇಖನದ ವಾದ.

ಹೈಡನ್ 1791ರಲ್ಲಿ ರಚಿಸಿದ ಆರ್ಫಿಯಸ್ ಕಥೆಯ ಒಪೆರಾ ಮೊದಲ ಬಾರಿಗೆ ರಂಗವೇರಿದ್ದು 1951ರಲ್ಲಿ, ಫ್ಲಾರೆನ್ಸಿನಲ್ಲಿ. ಅದರ ಯೂರಿಡಿಸೆ ಕ್ಯಾಲಸ್. ಲಾ ಸ್ಕಾಲಾದಲ್ಲಿ 1954ರಲ್ಲಿ ಗ್ಲುಕ್‌ನ ‘ಅಲ್ಚೆಸ್ತೆ’ಯನ್ನೂ ಸ್ಪೊಂತೀನಿಯ ‘ಲಾ ವೆಸ್ತಾಲೆ’ಯನ್ನೂ, 1957ರಲ್ಲಿ ಗ್ಲುಕ್‌ನ ಇಫಿಜೀನಿಯಾ ಪಾತ್ರವನ್ನೂ ಹಾಡಿದರು. ಇವೆಲ್ಲ ಕೆಲವೇ ಪ್ರದರ್ಶನ ಕಂಡು ನಿಂತವು. 1953ರ ಮೇ ತಿಂಗಳಲ್ಲಿ ಫ್ಲಾರೆನ್ಸಿನಲ್ಲಿ ವಿತ್ತೋರಿಯೊ ಗುಯಿ ಅವರ ಸಂಚಾಲನೆಯಲ್ಲಿ ಆರಂಭವಾದ ಮೆದೇಯಾ ಮಾತ್ರ ಅವರನ್ನು ಒಂಬತ್ತು ವರ್ಷ ಬಿಡಲಿಲ್ಲ.

ಇಲ್ಲೊಂದು ಪಾಠದ ತೊಡಕಿದೆ. 1797ರಲ್ಲಿ ಪ್ಯಾರಿಸ್ಸಿನಲ್ಲಿ ಪ್ರದರ್ಶಿತವಾದ ಮೂಲಕೃತಿ ಫ್ರೆಂಚ್ ಭಾಷೆಯದು. ಹಾಡುಗಳ ನಡುವೆ ಬರಿಯ ಮಾತಿನ ಸಂಭಾಷಣೆಯಿತ್ತು. 1855ರಲ್ಲಿ ಫ್ರಾಂಜ್ ಲಾಖ್ನರ್ ಆ ಸಂಭಾಷಣೆಯ ಜಾಗದಲ್ಲಿ ಹಾಡುವ ರೆಸಿಟೆಟಿವ್‌ಗಳನ್ನು ಜರ್ಮನ್‌ನಲ್ಲಿ ರಚಿಸಿ ಸೇರಿಸಿದ. ಕ್ಯಾಲಸ್ ಹಾಡಿದ್ದು ಅದರ ಇಟಾಲಿಯನ್ ರೂಪ. ಅವರ ‘ಮೆದೇಯಾ’ ಶುದ್ಧ ಕೆರುಬೀನಿಯಲ್ಲ ಎಂಬ ಆಕ್ಷೇಪ ಪಾಠದ ದೃಷ್ಟಿಯಿಂದ ಸರಿಯೇ. ಆದರೆ ಕೇಳುವವರಿಗೆ ಈ ಸೇರ್ಪಡೆ ಎದ್ದು ಕಾಣದಂತೆ ಮಾಡಿದ್ದು ಕ್ಯಾಲಸ್ ಅವರ ಉಚ್ಚಾರದ ಬಿಗಿ. ರೆಸಿಟೆಟಿವ್‌ನ ಲಯ ಸಿಗಬೇಕಾದರೆ ಮೊದಲು ಅದನ್ನು ತನಗೆ ತಾನೇ ಮಾತಾಗಿ ಆಡಿಕೊಳ್ಳಬೇಕೆಂದು ಗುರುಸಮಾನರಾದ ತುಲ್ಲಿಯೊ ಸೆರಾಫಿನ್ ತಮಗೆ ಕಲಿಸಿದರೆಂದು ಅವರು ಹೇಳಿಕೊಂಡಿದ್ದಾರೆ. ಲಾಖ್ನರನ ಸಾಧಾರಣ ಸಾಲುಗಳು ಅವರ ಬಾಯಲ್ಲಿ ಮತ್ತೆ ಮಾತಿನ ಕಸುವು ಪಡೆದದ್ದು ಹೀಗೆ.

1953ರ ಡಿಸೆಂಬರಿನಲ್ಲಿ ಲಿಯೊನಾರ್ಡ್ ಬರ್ನ್‌ಸ್ಟೈನ್ ಸಂಚಾಲನೆಯಲ್ಲಿ ಲಾ ಸ್ಕಾಲಾದಲ್ಲಿ ನಡೆದ ಪ್ರದರ್ಶನದ ಧ್ವನಿಮುದ್ರಣ ಉಳಿದಿದೆ. ಮೊದಲ ಅಂಕದಲ್ಲಿ ಮೆದೇಯಾ ತಡವಾಗಿ ಬರುತ್ತಾಳೆ. ಬಂದವಳು ತನ್ನನ್ನು ತೊರೆದ ಜೇಸನ್‌ನ ಮುಂದೆ ಅವನ ಮಕ್ಕಳ ತಾಯಿಯಾಗಿ ಬೇಡಿಕೊಳ್ಳುತ್ತಾಳೆ. ಕ್ಯಾಲಸ್ ಇಲ್ಲಿ ದನಿಯನ್ನು ತಡೆಹಿಡಿದು, ಸಾಲುಗಳನ್ನು ಉದ್ದಕ್ಕೆ ಎಳೆದು, ಕಾಡಿ ಕೇಳುವ ಹೆಣ್ಣಾಗುತ್ತಾರೆ; ಸ್ವರ ಮಂದ್ರಕ್ಕೆ ಇಳಿದಾಗ ಮಾತ್ರ ಎದೆಯಿಂದ ಒರಟು ನಾದವೊಂದು ಏಳುತ್ತದೆ. ಅವರ ಶಾರೀರದ ಮಂದ್ರ, ಮಧ್ಯ, ತಾರಸ್ಥಾಯಿಗಳು ಒಂದೇ ಬಣ್ಣದವಲ್ಲ, ಬೆಸುಗೆ ಕೇಳಿಸುತ್ತದೆ ಎಂದು ವಿಮರ್ಶಕರು ದೂರಿದ್ದಾರೆ. ಬೆಲ್ಲಿನಿಯ ನೀಳ ರಾಗದಲ್ಲಿ ಅದು ಕೊರತೆಯಾಗಬಹುದು. ಬೇಡುವ ತಾಯಿಯೂ ಕೊನೆಗೆ ಆ ಮಕ್ಕಳನ್ನೇ ಕೊಲ್ಲುವ ತಾಯಿಯೂ ಒಬ್ಬಳೇ ಆಗಿರುವ ಪಾತ್ರಕ್ಕೆ ಅದೇ ಬೆಸುಗೆ ಅರ್ಥ ತುಂಬುತ್ತದೆ. ಸೆರಾಫಿನ್ ಸಂಚಾಲನೆಯ 1957ರ ಸ್ಟುಡಿಯೊ ಮುದ್ರಣ ಅಚ್ಚುಕಟ್ಟಾಗಿದ್ದರೂ ಲಾ ಸ್ಕಾಲಾ ಪ್ರದರ್ಶನದ ಕಾವು ಅದರಲ್ಲಿ ಕಡಿಮೆ. 1958ರ ನವೆಂಬರಿನ ಡಲ್ಲಾಸ್ ಪ್ರದರ್ಶನದಲ್ಲಿ ಅದು ಮರಳಿ ಬಂದಿದೆ. ಅಲ್ಲಿ ಜೇಸನ್ ಆಗಿ ಹಾಡಿದವರು ಜಾನ್ ವಿಕರ್ಸ್.

1961ರಲ್ಲಿ ಗ್ರೀಸಿನ ಎಪಿಡೌರಸ್ ಬಯಲು ರಂಗಮಂದಿರದಲ್ಲೂ ಅವರು ಮೆದೇಯಾ ಆದರು. 1962ರ ಜೂನ್‌ನಲ್ಲಿ ಲಾ ಸ್ಕಾಲಾದಲ್ಲಿ ಅವರು ಕೊನೆಯದಾಗಿ ಹಾಡಿದ್ದೂ ಇದೇ ಪಾತ್ರ. ಆಮೇಲೆ ಮೂಲ ಫ್ರೆಂಚ್ ರೂಪವನ್ನು ರಂಗಕ್ಕೆ ತರುವ ಪ್ರಯತ್ನಗಳು ನಡೆದಿವೆ. ಪಾಠಶುದ್ಧಿಯ ದೃಷ್ಟಿಯಿಂದ ಅವು ಅಗತ್ಯವೂ ಹೌದು. ಹಾಗಿದ್ದೂ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಒಪೆರಾ 2022ರಲ್ಲಿ ಈ ಕೃತಿಯನ್ನು ಮೊದಲ ಬಾರಿಗೆ ರಂಗಕ್ಕೆ ತಂದಾಗ ಆರಿಸಿಕೊಂಡದ್ದು ಕ್ಯಾಲಸ್ ಹಾಡಿದ ಇಟಾಲಿಯನ್ ರೂಪವನ್ನೇ.