ಶ್ರೀರಂಗಪಟ್ಟಣದ ಸೆರೆಯಾಳುಗಳು

ಸ್ಕಾಟ್ಲೆಂಡಿನ ಚಿತ್ರಕಾರ ಸರ್ ಡೇವಿಡ್ ವಿಲ್ಕಿ 1839ರಲ್ಲಿ ಮುಗಿಸಿದ ಭಾರಿ ತೈಲಚಿತ್ರವೊಂದುಂಟು. 1799ರ ಮೇ 4ರ ರಾತ್ರಿ ಜನರಲ್ ಬೇರ್ಡ್ ಟಿಪ್ಪುವಿನ ಶವವನ್ನು ಕಾಣುವ ದೃಶ್ಯ ಅದು. ಬೇರ್ಡನ ಕಾಲ ಕೆಳಗೆ ಒಂದು ಕಬ್ಬಿಣದ ಜಾಲರಿ ಕಾಣುತ್ತದೆ. ಹಿಂದೆ ಇದೇ ಬೇರ್ಡ್ ಸೆರೆಯಿದ್ದ ನೆಲಮಾಳಿಗೆಯ ಕಿಂಡಿ ಇದು ಎಂಬುದು ಚಿತ್ರಕಾರನ ಸೂಚನೆ. ವಿಲ್ಕಿ ಭಾರತಕ್ಕೆ ಬಂದವನೇ ಅಲ್ಲ.

ಸೆರೆಯಂತೂ ನಿಜ. 1780ರ ಸೆಪ್ಟೆಂಬರ್ 10ರಂದು ಕಂಚಿಯ ಬಳಿಯ ಪೊಳ್ಳಿಲೂರಿನಲ್ಲಿ ಹೈದರ್ ಮತ್ತು ಟಿಪ್ಪುವಿನ ಸೈನ್ಯ ಕರ್ನಲ್ ಬೇಯ್ಲಿಯ ತುಕಡಿಯನ್ನು ಪೂರ್ತಿ ಮುರಿಯಿತು. ಉಳಿದವರು ಸೆರೆಯಾದರು. ಅವರಲ್ಲಿ ಗಾಯಗೊಂಡಿದ್ದ 22 ವರ್ಷದ ಬೇರ್ಡನೂ ಒಬ್ಬ. ಅವನಿಗೆ ಹಾಕಬೇಕಿದ್ದ ಬೇಡಿಯನ್ನು ಲ್ಯೂಕಾಸ್ ಎಂಬ ಅಧಿಕಾರಿ ತಾನೇ ತೊಡುತ್ತೇನೆಂದು ಮುಂದೆ ಬಂದನೆಂದು ಹೇಳುತ್ತಾರೆ. ಲ್ಯೂಕಾಸ್ ಸೆರೆಯಲ್ಲೇ ಸತ್ತ. ಬೇಯ್ಲಿಯೂ 1782ರ ನವೆಂಬರಿನಲ್ಲಿ ತೀರಿಕೊಂಡ. ಬೇರ್ಡ್ ಬಿಡುಗಡೆಯಾದದ್ದು 1784ರ ಮಂಗಳೂರು ಒಪ್ಪಂದದ ನಂತರ.

ನಮ್ಮಲ್ಲಿ ಮೈಸೂರು ಕಡೆಯವರೆಲ್ಲ ಶಾಲೆಯ ಪ್ರವಾಸದಲ್ಲಿ 'ಬೇಯ್ಲಿಯ ಸೆರೆಮನೆ'ಯನ್ನು ನೋಡಿಯೇ ಇರುತ್ತೀರಿ. ಇಟ್ಟಿಗೆಯ ಕಮಾನು, ಗೋಡೆಯಲ್ಲಿ ತೂತುಳ್ಳ ಕಲ್ಲುಗಳು, ಜೊತೆಗೆ ಕುತ್ತಿಗೆವರೆಗೆ ನೀರು ಬಿಡುತ್ತಿದ್ದರೆಂಬ ಗೈಡಿನ ಕಥೆ! ಆದರೆ ಸೆರೆಯಿದ್ದ ಅಧಿಕಾರಿಗಳು ತಾವೇ ಬರೆದಿಟ್ಟದ್ದರಲ್ಲಿ ಕಾಣುವುದು ಮಣ್ಣಿನ ಗೋಡೆಯೊಳಗಿನ ಅಂಗಳ, ತೆರೆದ ಚಾವಡಿ, ಕಾಲಿಗೆ ಬೇಡಿ. ಅವರನ್ನು ಹೆಚ್ಚಾಗಿ ಕೊಂದದ್ದು ರಕ್ತಭೇದಿ ಮತ್ತು ಕೊಳೆತ ಗಾಯಗಳು. ಇದು ಚಿತ್ರಕ್ಕೆ ಒಗ್ಗುವ ವಿಷಯವಲ್ಲ.

ವಿಷದ ಮಾತೂ ಇದೆ. 1783ರಲ್ಲಿ ಸೆರೆಯಲ್ಲಿ ಸತ್ತ ಜನರಲ್ ಮ್ಯಾಥ್ಯೂಸನಿಗೆ ವಿಷ ಹಾಕಿದರೆಂದು ಸಹಕೈದಿಗಳು ನಂಬಿದ್ದರು. ನಾನು ವೃತ್ತಿಯಿಂದ ರಸಾಯನಶಾಸ್ತ್ರದವನು. ಪಾಷಾಣ ತಿಂದವನಿಗೂ ಭೇದಿ ಹತ್ತಿದವನಿಗೂ ಹೊರನೋಟಕ್ಕೆ ಲಕ್ಷಣ ಬಹುಮಟ್ಟಿಗೆ ಒಂದೇ. ಪರೀಕ್ಷಿಸಲು ಪದಾರ್ಥವಿಲ್ಲದೆ ಹೌದೆನ್ನಲೂ ಅಲ್ಲವೆನ್ನಲೂ ಬಾರದು. ಟಿಪ್ಪುವಿನ ಪರವಾಗಿ ವಾದಿಸುವವರೂ ವಿರುದ್ಧ ವಾದಿಸುವವರೂ ಇಷ್ಟನ್ನು ಒಪ್ಪಿದರೆ ಸಾಕು.

ಇನ್ನು ಕಾದಂಬರಿಗಳು. 1840ರಲ್ಲಿ ಟಿಪ್ಪುವಿನ ಮೇಲೆ ದೊಡ್ಡ ಕಾದಂಬರಿ ಪ್ರಕಟಿಸಿದ ಮೆಡೋಸ್ ಟೇಲರ್ ಆಮೇಲೆ ನಮ್ಮ ಸುರಪುರದ ಆಡಳಿತ ನಡೆಸಿದವನು. ಅವನಿಗೆ ಈ ನೆಲದ ಜನ, ಭಾಷೆ ಗೊತ್ತಿತ್ತು. 1896ರಲ್ಲಿ ಹೆಂಟಿ ಹುಡುಗರಿಗಾಗಿ ಬರೆದ 'ದ ಟೈಗರ್ ಆಫ್ ಮೈಸೂರ್' ಬೇರೆ ತರಹದ್ದು. ಮೈಸೂರಿನಲ್ಲಿ ಸೆರೆಯಾದ ತಂದೆಯನ್ನು ಹುಡುಕಿಕೊಂಡು ಮಗ ಬರುತ್ತಾನೆ, ಸಾಹಸ ಮಾಡುತ್ತಾನೆ, ಬಿಡಿಸುತ್ತಾನೆ. ಬ್ರಿಟನ್ನಿನ ಎಷ್ಟೋ ಹುಡುಗರಿಗೆ ಮೈಸೂರೆಂದರೆ ಇಂಥ ಪುಸ್ತಕಗಳ ಕತ್ತಲೆಕೋಣೆಯೇ ಆಗಿದ್ದರೆ ಆಶ್ಚರ್ಯವೇನು?

ನನಗೆ ಕೊರಗು ಬೇರೊಂದು. ಪೊಳ್ಳಿಲೂರಿನಲ್ಲಿ ಬೇಯ್ಲಿಯ ಕೈಕೆಳಗೆ ಕಾದಾಡಿದವರಲ್ಲಿ ಬಹುಪಾಲು ಭಾರತೀಯ ಸಿಪಾಯಿಗಳು. ಅವರೂ ಬೇಡಿ ತೊಟ್ಟರು. ತಮ್ಮ ಪಾಲಿನ ಅಲ್ಪದರಲ್ಲೇ ಉಳಿಸಿ, ಅನ್ನ ಒಗ್ಗದ ಯುರೋಪಿಯನ್ ಸೈನಿಕರಿಗೆ ಮಾಂಸ ಕೊಂಡು ಕೊಟ್ಟರೆಂದು ಆ ಕಾಲದ ಇಂಗ್ಲಿಷರೇ ಬರೆದಿದ್ದಾರೆ. ಹತ್ತು ವರ್ಷದಷ್ಟು ಸೆರೆಯಿದ್ದ ಬ್ರಿಸ್ಟೋನ ಕಥೆ 1793ರಲ್ಲಿ ಅಚ್ಚಾಯಿತು, ಸ್ಕರಿಯದು 1824ರಲ್ಲಿ. ಬೇಯ್ಲಿಗೆ ಅವನ ಬಂಧು 1816ರಲ್ಲಿ ಗುಂಬಜಿನ ಹತ್ತಿರ ಸ್ಮಾರಕ ಕಟ್ಟಿಸಿದ. ಮಾಂಸ ಕೊಂಡು ಕೊಟ್ಟ ಸಿಪಾಯಿಗಳಾದರೋ ಆ ಪುಸ್ತಕಗಳಲ್ಲಿ ಬಹುಮಟ್ಟಿಗೆ ಹೆಸರಿಲ್ಲದವರು. ನಮ್ಮ ಕಾದಂಬರಿಕಾರರು ಯಾರಾದರೂ ಅವರಲ್ಲೊಬ್ಬನನ್ನು ನಾಯಕನನ್ನಾಗಿ ಮಾಡಿ ಬರೆದರೆ, ಮೊದಲ ಪ್ರತಿಗೆ ಹಣ ಕಳಿಸುವವನು ನಾನು.