ಪಾಪ, ಪಾಪಿ, ಪಾಪದವ

ಪಕ್ಕದ ಮನೆಯ ಬಾಯಮ್ಮನ ಹಿತ್ತಿಲಲ್ಲಿ ತೆಂಗಿನಕಾಯಿ ಕಳ್ಳ ಸಿಕ್ಕಿಬಿದ್ದದ್ದು ಒಂದು ಮಧ್ಯಾಹ್ನ, ಎಲ್ಲರೂ ಉಂಡು ಅಡ್ಡಾಗುವ ಹೊತ್ತಿಗೆ. ಮರದ ಬುಡದಲ್ಲಿ ಐದು ಕಾಯಿ, ಮರದ ಮೇಲೆ ಅವನು. ಇಳಿದರೆ ಪೆಟ್ಟು, ಇಳಿಯದೆ ಎಷ್ಟು ಹೊತ್ತು ಅಂತ ಇರುವುದು? ಸದ್ದು ಕೇಳಿ ಸೇರಿದ ನಾಲ್ಕೈದು ಮಂದಿಯಲ್ಲಿ ಒಬ್ಬರು "ಇಳಿಯೋ ಪಾಪಿ" ಎಂದು ಕೂಗಿದರು. ಬಾಯಮ್ಮ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಹೊರಗೆ ಬಂದು, ಕಣ್ಣಿಗೆ ಕೈ ಅಡ್ಡ ಹಿಡಿದು ಮೇಲೆ ನೋಡಿ, "ಪಾಪ, ಅವ ಪಾಪದವ ಮಾರಾಯ್ರೆ. ಬೊಬ್ಬೆ ಹಾಕ್ಬೇಡಿ, ಹೆದರಿ ಬಿದ್ದಾನು" ಎಂದರು.

ಇಳಿದು ಬಂದವನ ಎದೆ ತರಚಿ ಕೆಂಪಾಗಿತ್ತು. ಬಾಯಮ್ಮ ಅವನನ್ನು ಹಿಂದಿನ ಜಗಲಿಯಲ್ಲಿ ಕೂರಿಸಿ ಗಂಜಿ, ಉಪ್ಪಿನಕಾಯಿ ಕೊಟ್ಟರು. ಉಂಡಾದ ಮೇಲೆ ಮೂರು ಕಾಯಿ ಅವನ ಕೈಗಿಟ್ಟು ಕಳಿಸಿದರು. ಎರಡನ್ನು ಒಳಗೆ ತೆಗೆದಿಟ್ಟುಕೊಂಡರು. "ನನಗೂ ಬೇಕಲ್ಲ" ಎಂದರು, ನನ್ನ ಮುಖ ನೋಡಿ. ನನಗಾಗ ಒಂಬತ್ತೋ ಹತ್ತೋ ವರ್ಷ.

ಒಂದೇ ಮರದ ಕೆಳಗೆ ಒಂದೇ ನಿಮಿಷದಲ್ಲಿ ಒಂದೇ ಮನುಷ್ಯನ ಮೇಲೆ ಒಂದೇ ಶಬ್ದ ಎರಡು ಸಲ ಬಿದ್ದಿತ್ತು. ಒಂದು ಸಲ ಕಲ್ಲಿನ ಹಾಗೆ, ಇನ್ನೊಂದು ಸಲ ಟವೆಲಿನ ಹಾಗೆ. ಇದರ ಸೋಜಿಗ ನನಗೆ ಹೊಳೆಯುವುದಕ್ಕೆ ಮತ್ತೆ ಮೂವತ್ತು ವರ್ಷ ಬೇಕಾಯಿತು.

ದಕ್ಷಿಣ ಕನ್ನಡದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಅಲ್ಲಿ ಪಾಪದವರು ಎಂದರೆ ಬಡವರು, ಇಲ್ಲವೇ ಒಬ್ಬರ ತಂಟೆಗೆ ಹೋಗದ ಸಾಧುಗಳು. ಘಟ್ಟ ಹತ್ತಿ ಬಂದ ಹೊಸತರಲ್ಲಿ "ನಮ್ಮ ಮೇಷ್ಟ್ರು ತುಂಬಾ ಪಾಪದವರು" ಎಂದು ನಾನು ಹೊಗಳಿದ್ದಕ್ಕೆ ಮೈಸೂರಿನ ಗೆಳೆಯ ಗಾಬರಿಯಾಗಿದ್ದ. ಅವನ ಮನೆಯಲ್ಲಿ ಪಾಪ ಎಂದರೆ ತೊಟ್ಟಿಲಲ್ಲಿರುವ ಕೂಸು. "ಮೆತ್ತಗೆ ಮಾತಾಡು, ಪಾಪ ಮಲಗಿದೆ" ಎನ್ನುತ್ತಿದ್ದರು ಅವನ ತಾಯಿ. ಈ ಪಾಪ ಬೇರೆ ಬೇರಿನದು, ತಮಿಳು ತೆಲುಗಿನ ಕಡೆಯ ನೆಂಟ. ಸಂಸ್ಕೃತದಿಂದ ಬಂದ ಪಾಪಕ್ಕೂ ಅದಕ್ಕೂ ರಕ್ತಸಂಬಂಧವಿಲ್ಲ. ಆದರೆ ಒಂದೇ ಓಣಿಯಲ್ಲಿ ಬಹಳ ಕಾಲ ಬಾಳಿದ ಎರಡು ಮನೆಗಳ ಹಾಗೆ ಅವು ಒಂದರ ಗುಣ ಒಂದಕ್ಕೆ ಅಂಟಿಸಿಕೊಂಡಿವೆ ಎಂದು ನನ್ನ ಗುಮಾನಿ. ಇಲ್ಲದಿದ್ದರೆ 'ಪಾಪಚ್ಚಿ' ಎನ್ನುವಾಗ ನಮ್ಮ ದನಿ ಯಾಕೆ ಕೂಸಿನೊಡನೆ ಆಡುವ ದನಿಯಾಗುತ್ತದೆ?

ಶಬ್ದದ ಕಠಿಣ ಮುಖವೂ ನಮಗೆ ಚೆನ್ನಾಗಿಯೇ ಗೊತ್ತು. ಪಾಪದ ಕೊಡ ತುಂಬುತ್ತದೆ. ಪಾಪಿ ಸಮುದ್ರಕ್ಕೆ ಹೋದರೂ ಮೊಣಕಾಲುದ್ದ ನೀರು. ಪಾಪಿ ಚಿರಾಯು. ಕೊಂದ ಪಾಪ ತಿಂದರೆ ಹೋಯಿತು ಎಂಬ, ಮೀನು ಸಾರಿನ ಮುಂದೆ ಕೂತವರ ಸಮಾಧಾನವೂ ಉಂಟು. ಇವುಗಳಲ್ಲೆಲ್ಲ ಪಾಪವೆಂದರೆ ಕೂಡುವ, ಕಳೆಯುವ, ತೊಳೆಯುವ, ಉಂಡು ಮುಗಿಸುವ ಒಂದು ಸರಕು. ಅದಕ್ಕೊಂದು ಖಾತೆ, ಎದುರು ಪುಟದಲ್ಲಿ ಪುಣ್ಯ. ಲೆಕ್ಕ ತನ್ನಷ್ಟಕ್ಕೆ ತಾನೇ ನಡೆಯುತ್ತದೆ. (ಶರಣರೂ ದಾಸರೂ ಇದಕ್ಕೆ ಪೂರ್ತಿ ಒಪ್ಪುವವರಲ್ಲ. ಅವರಿಗೂ ಕರುಣಿಸುವ ಒಬ್ಬ ಬೇಕಿತ್ತು.)

ಇಂಥ ಶಬ್ದವನ್ನು 19ನೆಯ ಶತಮಾನದಲ್ಲಿ ಪಾದ್ರಿಗಳು ಕೈಗೆತ್ತಿಕೊಂಡರು. ಬಳ್ಳಾರಿಯಲ್ಲಿ ಕೂತು ಬೈಬಲನ್ನು ಕನ್ನಡಕ್ಕೆ ತಂದ ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್, 1834ರಲ್ಲಿ ಮಂಗಳೂರಿಗೆ ಬಂದಿಳಿದ ಬಾಸೆಲ್ ಮಿಷನ್ನಿನವರು, ಆಮೇಲೆ 1894ರ ಮಹಾನಿಘಂಟಿನ ಕಿಟ್ಟೆಲ್, ಎಲ್ಲರ ಮುಂದೆಯೂ ಇದ್ದದ್ದು ಇದೇ ಪಾಪ. ಬೇರೆ ಶಬ್ದ ಸಿಕ್ಕುವ ಹಾಗಿರಲಿಲ್ಲ. ಆದರೆ ಅವರ ಗ್ರಂಥದ ಮೂಲದಲ್ಲಿದ್ದ ಶಬ್ದಗಳು ಬೇರೆಯದೇ ಚಿತ್ರ ಹೊತ್ತವು.

ಹೀಬ್ರೂವಿನಲ್ಲಿ ಪಾಪ ಮಾಡು ಎನ್ನಲು ಬಳಸುವ 'ಹಾತಾ' ಎಂಬ ಕ್ರಿಯಾಪದದ ಒಂದು ಅರ್ಥ ಗುರಿ ತಪ್ಪು. ನ್ಯಾಯಸ್ಥಾಪಕರ ಗ್ರಂಥದಲ್ಲಿ ಎಡಗೈ ಬಂಟರಾದ 700 ಮಂದಿ ಕವಣೆಗಾರರು ಬರುತ್ತಾರೆ. ಕೂದಲೆಳೆಗೆ ಗುರಿಯಿಟ್ಟು ಕಲ್ಲು ಬೀಸಿದರೂ ತಪ್ಪದವರು ಎಂದು ಅವರ ಖ್ಯಾತಿ. ಆ 'ತಪ್ಪದ' ಎಂಬಲ್ಲಿರುವುದು ಇದೇ ಹಾತಾ. ಗ್ರೀಕಿನ 'ಹಮಾರ್ತಿಯಾ' ಕೂಡ ಇದೇ ಜಾಡಿನದು. ಈ ಬಗೆಗೆ ನಮ್ಮಲ್ಲಿ 'ತಪ್ಪು' ಎಂಬ ಮುದ್ದಾದ ಶಬ್ದ ಇದ್ದೇ ಇದೆ. ದಾರಿ ತಪ್ಪುತ್ತೇವೆ, ಕೈ ತಪ್ಪುತ್ತದೆ, ಮಾತಿಗೆ ತಪ್ಪುತ್ತೇವೆ, ಆಮೇಲೆ ಅದೇ ನಾಮಪದವಾಗಿ ನಮ್ಮ ಮೇಲೆ ಕೂರುತ್ತದೆ.

ಯೇಸು ಆಡುತ್ತಿದ್ದ ಅರಮಾಯಿಕ್‌ನಲ್ಲಿ ಮಾತ್ರ ಸಂಗತಿ ಇನ್ನೂ ಬಿಗಿಯಾಗಿದೆ. ಅಲ್ಲಿ 'ಹೋಬಾ' ಎಂಬ ಒಂದೇ ಶಬ್ದಕ್ಕೆ ಸಾಲ ಮತ್ತು ಪಾಪ ಎರಡೂ ಅರ್ಥ. ಅವನು ಕಲಿಸಿದ ಪ್ರಾರ್ಥನೆಯ, ಮತ್ತಾಯನ ಸುವಾರ್ತೆಯಲ್ಲಿರುವ ಗ್ರೀಕ್ ಪಾಠದಲ್ಲಿ ಬಿಡಬೇಕೆಂದು ಬೇಡುವುದು ಸಾಲಗಳನ್ನೇ. ಲೂಕನ ಪಾಠದಲ್ಲಿ ಪಾಪ ಎಂದಾಗಿ, ಮರುಮಾತಿನಲ್ಲೇ ನಮಗೆ ಸಾಲ ಕೊಡಬೇಕಾದವರು ಬಂದುಬಿಡುತ್ತಾರೆ. ಬಾಯಮ್ಮನ ಮೊಮ್ಮಕ್ಕಳು ಶಾಲೆಯಲ್ಲಿ ಕಲಿತು ಗಟ್ಟಿಯಾಗಿ ಒಪ್ಪಿಸುತ್ತಿದ್ದ ಕನ್ನಡ ಪ್ರಾರ್ಥನೆಯಲ್ಲಿ ಸಾಲ ಇರಲಿಲ್ಲ, ತಪ್ಪು ಇತ್ತು. ಸಾಲ ಎಂದೇ ಉಳಿಸಿಕೊಂಡಿದ್ದರೆ ನಮ್ಮ ರೈತರಿಗೆ ಬೇಗ ತಲುಪುತ್ತಿತ್ತೋ ಏನೋ. ಚುನಾವಣೆ ಬಂದಾಗಲೆಲ್ಲ ಕೇಳುವ 'ಸಾಲ ಮನ್ನಾ' ಇದೆಯಲ್ಲ, ಸುವಾರ್ತೆಯ ಕ್ಷಮೆಗೆ ಅದಕ್ಕಿಂತ ಹತ್ತಿರದ ಕನ್ನಡ ನನಗೆ ತೋಚುವುದಿಲ್ಲ. 'ಮನ್ನಿಸು' ಎನ್ನುವುದರಲ್ಲಿ ಮರ್ಯಾದೆ ಕೊಡು ಎಂಬ ಅರ್ಥವೂ ಇರುವುದು ಮೇಲ್ಲಾಭ.

ಮತ್ತಾಯನ 18ನೆಯ ಅಧ್ಯಾಯದಲ್ಲಿ ಒಂದು ಸಾಲ ಮನ್ನಾದ ಕತೆ ಇದೆ. ಎಷ್ಟು ಸಲ ಕ್ಷಮಿಸಬೇಕು, ಏಳು ಸಲ ಸಾಕೇ ಎಂದು ಶಿಷ್ಯ ಪೇತ್ರ ಯೇಸುವನ್ನು ಕೇಳುತ್ತಾನೆ. ಏಳೆಪ್ಪತ್ತು ಸಲ ಎಂದು ಉತ್ತರ. ಅದು 490ರೋ 77ರೋ ಎಂದು ಪಂಡಿತರು ಇನ್ನೂ ಚರ್ಚಿಸುತ್ತಾರೆ, ಎಣಿಸಬೇಡ ಎಂದದ್ದನ್ನು ಎಣಿಸುವುದು ಪಂಡಿತರ ಹಣೆಬರಹ. ಆಮೇಲೆ ಕತೆ. ರಾಜನ ಆಳೊಬ್ಬ 10,000 ತಲಾಂತು ಸಾಲ ಉಳಿಸಿಕೊಂಡಿದ್ದಾನೆ. ಒಂದು ತಲಾಂತಿಗೆ 6,000 ದೀನಾರ, ದೀನಾರವೆಂದರೆ ಕೂಲಿಯವನ ಒಂದು ದಿನದ ಸಂಬಳ. ಒಂದು ದಿನವೂ ರಜೆ ಮಾಡದೆ, ಒಂದು ಕಾಸೂ ಉಣ್ಣದೆ ದುಡಿದರೂ ಇದು ಮುಗಿಯಲು 1,60,000 ವರ್ಷಕ್ಕೂ ಮಿಕ್ಕಿ ಬೇಕು. ಆದರೂ ಆ ಬಡಪಾಯಿ ಕಾಲಿಗೆ ಬಿದ್ದು "ಸ್ವಲ್ಪ ತಾಳಿ, ಎಲ್ಲ ತೀರಿಸುತ್ತೇನೆ" ಎಂಬರ್ಥದ ಮಾತಾಡುತ್ತಾನೆ. ಬ್ಯಾಂಕಿನ ಮುಂದೆ ನಿಂತ ಯಾರನ್ನು ಬೇಕಾದರೂ ನೆನೆಯಿರಿ. ರಾಜ ಪೂರ್ತಿ ಬಿಟ್ಟುಬಿಡುತ್ತಾನೆ. ಆಗ ರಾಜನಿಗೆ ಆದದ್ದನ್ನು ಹೇಳುವ ಗ್ರೀಕ್ ಶಬ್ದದ ಬೇರು ಕರುಳು. 'ಕರುಳು ಚುರುಕ್ಕೆಂದಿತು' ಎಂದು ನಾವು ಹೇಳುವುದಕ್ಕೆ ಅದು ಸರಿಸಮ. ಹೀಬ್ರೂವಿನಲ್ಲಿ ಕರುಣೆಗಿರುವ 'ರಹಮೀಮ್' ಇನ್ನೂ ಕೆಳಗಿಳಿಯುತ್ತದೆ, ಅದು ಗರ್ಭ ಎಂಬರ್ಥದ 'ರೆಹೆಮ್'ನ ಬಳಗ. ಕರುಣೆಯ ಮನೆ ಹೊಟ್ಟೆ ಎಂಬುದರಲ್ಲಿ ಈ ಭಾಷೆಗಳಿಗೆಲ್ಲ ಒಮ್ಮತ.

ಹೊರಗೆ ಬಂದ ಆಳಿಗೆ ತನಗೆ 100 ದೀನಾರ ಕೊಡಬೇಕಾದ ಜೊತೆಯವನು ಸಿಗುತ್ತಾನೆ. ಅವನ ಕುತ್ತಿಗೆ ಹಿಡಿಯುತ್ತಾನೆ, ಸೆರೆಮನೆಗೆ ತಳ್ಳಿಸುತ್ತಾನೆ. ಇದನ್ನು ಪ್ರಸಂಗ ಮಾಡುವವರು ಸಾಮಾನ್ಯವಾಗಿ 'ಬರಿಯ ನೂರು' ಎನ್ನುತ್ತಾರೆ. ನನಗೆ ಇದು ಒಪ್ಪಿಗೆಯಿಲ್ಲ. ನೂರು ದಿನದ ಕೂಲಿ ಚಿಲ್ಲರೆ ದುಡ್ಡಲ್ಲ, ಒಂದು ಮಳೆಗಾಲದ ಅನ್ನ. ನಿನಗೆ ಇನ್ನೊಬ್ಬ ಮಾಡಿದ ಕೇಡು ಸಣ್ಣದು ಎಂದು ಕತೆ ಹೇಳುತ್ತಿಲ್ಲ. ದೊಡ್ಡದೇ, ಆದರೆ ನಿನಗೆ ಬಿಟ್ಟದ್ದು ಅದರ 6,00,000 ಪಟ್ಟು ಎನ್ನುತ್ತದೆ. ಕೊನೆಗೆ ರಾಜ ಮನ್ನಾವನ್ನು ಹಿಂದಕ್ಕೆ ಪಡೆದು ಆಳನ್ನು ದಂಡಿಸುವವರ ಕೈಗೊಪ್ಪಿಸುತ್ತಾನೆ. ಕರುಣೆಯ ಕತೆ ತೀರ್ಪಿನಲ್ಲಿ ಮುಗಿಯುತ್ತದೆ.

ಈ 'ತೀರ್ಪು' ಇನ್ನೊಂದು ಸೊಗಸು. ತೀರು ಎಂಬ ಬೇರಿನಿಂದ ಸಾಲ ತೀರುತ್ತದೆ, ಆಸೆ ತೀರುತ್ತದೆ, ಮನುಷ್ಯ ತೀರಿಕೊಳ್ಳುತ್ತಾನೆ, ನ್ಯಾಯಾಧೀಶ ತೀರ್ಪು ಕೊಡುತ್ತಾನೆ. ಯೋಹಾನನ ಸುವಾರ್ತೆಯಲ್ಲಿ ಶಿಲುಬೆಯ ಮೇಲಿನ ಕೊನೆಯ ಮಾತು ಗ್ರೀಕಿನಲ್ಲಿ ಒಂದೇ ಪದ. ಕನ್ನಡ ಅನುವಾದಕರೂ ಒಂದೇ ಪದದಲ್ಲಿ 'ತೀರಿತು' ಎಂದರು. ಸತ್ತದ್ದೂ ಸಾಲ ಸಂದದ್ದೂ ತೀರ್ಪಾದದ್ದೂ ಮೂರಕ್ಷರದೊಳಗೆ ಬಂದು ಕೂತಿವೆ. ಅನುವಾದಕರು ಇಷ್ಟೆಲ್ಲ ಎಣಿಸಿದ್ದರೋ ಇಲ್ಲವೋ, ಭಾಷೆ ಎಣಿಸಿತ್ತು.

ಕಡೆಯ ದಿನದ ತೀರ್ಪಿನ ಚಿತ್ರವೂ ಮತ್ತಾಯನಲ್ಲೇ ಇದೆ, 25ನೆಯ ಅಧ್ಯಾಯದಲ್ಲಿ. ಕುರುಬ ಕುರಿ ಮೇಕೆಗಳನ್ನು ಬೇರೆ ಮಾಡುವ ಹಾಗೆ ಜನರನ್ನು ಎಡಬಲಕ್ಕೆ ನಿಲ್ಲಿಸುತ್ತಾರೆ. ವಿಚಾರಣೆಯಲ್ಲಿ ಕೊಲೆ ಸುಲಿಗೆಗಳ ಪ್ರಸ್ತಾಪವೇ ಇಲ್ಲ. ಹಸಿದವನಿಗೆ ಅನ್ನ ಕೊಟ್ಟೆಯಾ, ಬಾಯಾರಿದವನಿಗೆ ನೀರು ಕೊಟ್ಟೆಯಾ, ಸೆರೆಯಲ್ಲಿದ್ದವನನ್ನು ಹೋಗಿ ನೋಡಿದೆಯಾ, ಇಷ್ಟೇ. ಕರಾವಳಿಯ ಕನ್ನಡದಲ್ಲಿ ಹೇಳುವುದಾದರೆ, ಪಾಪದವರನ್ನು ಕಂಡು 'ಪಾಪ' ಅನ್ನಿಸದವರು ಅಲ್ಲಿ ಪಾಪಿಗಳ ಸಾಲಿಗೆ ಹೋಗುತ್ತಾರೆ.

ಆದರೆ ಬರೀ ಅನ್ನಿಸಿದರೆ ಆಯಿತೇ? 'ಅಯ್ಯೋ ಪಾಪ' ನಮ್ಮಲ್ಲಿ ತುಂಬ ಅಗ್ಗ. ಟೀವಿಯಲ್ಲಿ ನೆರೆ ಬಂದ ಊರು ಕಂಡು ಅಯ್ಯೋ ಪಾಪ, ಆಮೇಲೆ ಚಾನೆಲ್ ಬದಲು. ಊರು ನುಂಗಿದ ದೊಡ್ಡ ಮನುಷ್ಯ ಆಸ್ಪತ್ರೆಯ ಗಾಲಿಕುರ್ಚಿಯಲ್ಲಿ ಕೋರ್ಟಿಗೆ ಬಂದರೆ ಅವನಿಗೂ ಪಾಪ. ಅವನಿಂದ ಮನೆ ಕಳೆದುಕೊಂಡವರ ನೆನಪು ಆ ಹೊತ್ತಿಗೆ ಯಾರಿಗೂ ಬರುವುದಿಲ್ಲ. ಜರ್ಮನಿಯ ಪಾದ್ರಿ ಡೀಟ್ರಿಶ್ ಬಾನ್‌ಹಾಫರ್ 1937ರಲ್ಲಿ, ನಾಜಿಗಳ ಆಳ್ವಿಕೆಯ ನಡುವೆ ಪ್ರಕಟಿಸಿದ ಪುಸ್ತಕದಲ್ಲಿ ಇಂಥದಕ್ಕೆ 'ಅಗ್ಗದ ಕೃಪೆ' ಎಂದು ಹೆಸರಿಟ್ಟ. ಪಶ್ಚಾತ್ತಾಪ ಬೇಡದ ಕ್ಷಮೆ ಎಂಬುದು ಅವನ ಆಕ್ಷೇಪ. 1945ರ ಏಪ್ರಿಲ್‌ನಲ್ಲಿ ಅವನನ್ನು ಗಲ್ಲಿಗೇರಿಸಿದರು. ಅವನ ಪುಸ್ತಕ ಓದಿದ ಮೇಲೆ ಕೆಲವು ದಿನ ನನಗೆ ನಮ್ಮ ಪಾಪದ ಮೆತ್ತನೆಯ ಅರ್ಥದ ಮೇಲೇ ಸಿಟ್ಟು ಬಂದಿತ್ತು.

ಪಶ್ಚಾತ್ತಾಪ ಎಂದಾಗ ಬಾಯಮ್ಮ ನೆನಪಾಗುತ್ತಾರೆ. ಅವರ ಕೊಂಕಣಿಯಲ್ಲಿ ಪಾಪಕ್ಕೆ 'ಪಾತಕ್', ಪಾದ್ರಿಯ ಮುಂದೆ ಅದನ್ನು ಹೇಳಿಕೊಳ್ಳುವುದಕ್ಕೆ 'ಕುಮ್ಸಾರ್'. ಪೋರ್ಚುಗೀಸರ ಶಬ್ದವೊಂದು ಗೋವೆಯಿಂದ ಕಡಲತಡಿ ಹಿಡಿದು ಬರುವಷ್ಟರಲ್ಲಿ ಸವೆದು ಹೀಗಾಗಿದೆ. ಕನ್ನಡದ ಕಥೊಲಿಕರು 'ಪಾಪನಿವೇದನೆ' ಎನ್ನುತ್ತಾರೆ. ನಿವೇದನೆಗೂ ನೈವೇದ್ಯಕ್ಕೂ ಮೂಲ ಒಂದೇ, ಹಾಗಾಗಿ ಕೊಬ್ಬರಿ ಸಕ್ಕರೆಯ ಬದಲು ಪಾಪವನ್ನು ತಟ್ಟೆಯಲ್ಲಿಟ್ಟು ಒಪ್ಪಿಸಿದ ಹಾಗೆ ನನಗೆ ಕೇಳಿಸುತ್ತದೆ. ವರ್ಷಕ್ಕೊಮ್ಮೆಯಾದರೂ ಇದನ್ನು ಮಾಡಲೇಬೇಕೆಂದು ವಿಧಿಸಿದ್ದು 1215ರ ಲ್ಯಾಟೆರನ್ ಮಹಾಸಭೆ. ಪಾದ್ರಿ ಕೂತು ಅದನ್ನು ಕೇಳುವ ಜಾಲರಿಯ ಮರದ ಗೂಡು ಬಂದದ್ದು ತೀರ ಈಚೆಗೆ, 16ನೆಯ ಶತಮಾನದ ಮಿಲಾನಿನ ಆರ್ಚ್‌ಬಿಷಪ್ ಚಾರ್ಲ್ಸ್ ಬೊರೊಮಿಯೊ ಕಾಲದಲ್ಲಿ. ಅದೇ ಶತಮಾನದಲ್ಲಿ ಲೂಥರನ ಜಗಳವೂ ಪಾಪಕ್ಕೆ ಬಿದ್ದ ದಂಡವನ್ನು ಚೀಟಿ ಮಾರಿ ಇಳಿಸುವ ವ್ಯಾಪಾರದ ಮೇಲೆಯೇ ಶುರುವಾಯಿತು.

ಕಾಯಿ ಕಳವಾದ ವಾರದ ಶನಿವಾರ, ತಪಸ್ಸುಕಾಲವೆಂದು, ಬಾಯಮ್ಮ ಕುಮ್ಸಾರಿಗೆ ಹೊರಟರು. ನಾನೂ ಜೊತೆಗೆ ಹೋಗಿ ಇಗರ್ಜಿಯ ಮೆಟ್ಟಿಲ ಮೇಲೆ ಚಪ್ಪಲಿ ಕಾಯುತ್ತ ಕೂತೆ. ಒಳಗೆ ಹೆಂಗಸರ ಸಾಲು ಒಬ್ಬೊಬ್ಬರಾಗಿ ಮುಂದೆ ಸರಿಯುತ್ತಿತ್ತು. ಬಾಯಮ್ಮ ಗೂಡಿನ ಜಾಲರಿಗೆ ಬಾಯಿ ಕೊಟ್ಟು ಮೊಣಕಾಲೂರಿದ್ದು ಹೆಚ್ಚೆಂದರೆ ಐದು ನಿಮಿಷ. ಎದ್ದು ಬಂದು ಬೆಂಚಿನಲ್ಲಿ ಜಪಮಾಲೆ ಎಣಿಸುತ್ತ ಅದರ ಮೂರರಷ್ಟು ಹೊತ್ತು ಕೂತರು. ದಾರಿಯಲ್ಲಿ "ಪಾದ್ರಿಗಳ ಹತ್ರ ಎಂತ ಹೇಳಿದ್ರಿ?" ಎಂದು ಕೇಳಿದೆ. "ಅದೆಲ್ಲ ಕೇಳ್ಬಾರ್ದು ಮಗಾ" ಎಂದರು.

ಮರುದಿನ ಪೂಜೆ ಮುಗಿಸಿ ಬಂದವರೇ ನನ್ನನ್ನು ಕರೆದು ಒಂದು ಬಟ್ಟೆಯ ಚೀಲ ಕೊಟ್ಟು, ಗುಡ್ಡೆಯ ಆಚೆ ಇದ್ದ ಆ ಕಾಯಿ ಕದ್ದವನ ಮನೆಗೆ ಮುಟ್ಟಿಸಿ ಬರಲು ಹೇಳಿದರು. ಯಾರು ಕೊಟ್ಟದ್ದೆಂದು ಹೇಳಬಾರದು ಎಂದೂ ಸೇರಿಸಿದರು. ಚೀಲದಲ್ಲಿ ಎರಡು ತೆಂಗಿನಕಾಯಿ ಇತ್ತು, ಸಿಪ್ಪೆ ಸುಲಿದು ಜುಟ್ಟು ಬಿಟ್ಟದ್ದು. ಅವನ ಹೆಂಡತಿ ಬಾಗಿಲಲ್ಲೇ ಚೀಲ ತೆಗೆದುಕೊಂಡು, ಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿ ನೋಡಿ, ಖಾಲಿ ಚೀಲವನ್ನು ನಾಲ್ಕು ಮಡಿಕೆ ಮಾಡಿ ನನ್ನ ಕೈಗೆ ಕೊಟ್ಟಳು. ಯಾರು ಕೊಟ್ಟದ್ದೆಂದು ಕೇಳಲಿಲ್ಲ.