ಮೈ ಕಲಿತ ವಿದ್ಯೆ: ಕ್ಯಾಥರೀನ್ ಡನ್‌ಹ್ಯಾಮ್ ಮತ್ತು ನಮ್ಮ ವಿಮರ್ಶೆ

ದಲಿತ ವಿಮರ್ಶೆ ಅಮೆರಿಕದ ಕಪ್ಪು ಜನರ ಕಡೆ ತಿರುಗಿದಾಗ ಹೆಚ್ಚಾಗಿ ಅವರ ಕವಿತೆ, ಕಾದಂಬರಿ, ಆತ್ಮಕಥೆಗಳನ್ನೇ ನೋಡಿದೆ. 1972ರಲ್ಲಿ ಮುಂಬಯಿಯಲ್ಲಿ ಹುಟ್ಟಿದ ದಲಿತ ಪ್ಯಾಂಥರ್ ತನ್ನ ಹೆಸರನ್ನೇ ಅಲ್ಲಿನ ಬ್ಲ್ಯಾಕ್ ಪ್ಯಾಂಥರ್‌ಗಳಿಂದ ಪಡೆಯಿತು. ಈ ನಂಟು ನಮಗೆ ಗೊತ್ತಿರುವುದೇ. ಆದರೆ ಅಕ್ಷರದಿಂದ ಹೊರಗಿಟ್ಟ ಜನ ತಮ್ಮ ಚರಿತ್ರೆಯನ್ನು ಎಲ್ಲಿ ಬಚ್ಚಿಟ್ಟುಕೊಂಡರು? ಪುಸ್ತಕದಲ್ಲಂತೂ ಅಲ್ಲ. ಕಾಲಲ್ಲಿ, ಸೊಂಟದಲ್ಲಿ, ಚರ್ಮವಾದ್ಯದಲ್ಲಿ. ಅದನ್ನು ಓದೋದು ಹೇಗೆ ಅನ್ನುವ ಪ್ರಶ್ನೆಗೆ ನೃತ್ಯ ಸಂಯೋಜಕಿ, ಗುರು ಕ್ಯಾಥರೀನ್ ಡನ್‌ಹ್ಯಾಮ್ ತನ್ನ ಬದುಕನ್ನೇ ಉತ್ತರವಾಗಿ ಕೊಟ್ಟವಳು.

ಡನ್‌ಹ್ಯಾಮ್ ಹುಟ್ಟಿದ್ದು 1909ರಲ್ಲಿ, ಶಿಕಾಗೋ ಸೀಮೆಯಲ್ಲಿ. ಶಿಕಾಗೋ ವಿಶ್ವವಿದ್ಯಾಲಯದಲ್ಲಿ ಮಾನವಶಾಸ್ತ್ರ ಓದುತ್ತಲೇ ನೃತ್ಯ ಕಲಿಸುತ್ತಿದ್ದಳು. 1935ರಲ್ಲಿ ಫೆಲೋಶಿಪ್ ಹಿಡಿದು ಕೆರಿಬಿಯನ್ ದ್ವೀಪಗಳಿಗೆ ಹೋದಳು. ಜಮೈಕಾದ ಅಕಾಂಪಾಂಗ್ ಅನ್ನುವ ಊರಲ್ಲಿ ಒಡೆಯರಿಂದ ತಪ್ಪಿಸಿಕೊಂಡು ಬೆಟ್ಟ ಸೇರಿದ ಗುಲಾಮರ ವಂಶದವರಿದ್ದರು. ಅವರ ಯುದ್ಧಕುಣಿತ ನೋಡಬೇಕೆಂದು ಆಕೆ ಕಾದದ್ದೇ ಕಾದದ್ದು. ಕೊನೆಗೆ ಹೊರಡುವ ದಿನ ಹತ್ತಿರವಾದಾಗಷ್ಟೇ ಅದು ಕಾಣಸಿಕ್ಕಿತು. ನೋಟ್‌ಬುಕ್ ಹಿಡಿದು ಬಂದವರಿಗೆಲ್ಲ ಒಳಮನೆಯ ಬಾಗಿಲು ತೆಗೆಯೋದಿಲ್ಲ ಅನ್ನುವ ವಿವೇಕ ಆ ಜನಕ್ಕೆ ಇತ್ತು.

ಮುಂದಿನ ನೆಲ ಹೈಟಿ. ಗುಲಾಮರೇ ಬಂಡೆದ್ದು 1804ರಲ್ಲಿ ಕಟ್ಟಿಕೊಂಡ ದೇಶ ಅದು. ಅಲ್ಲಿನ ವೂಡೂ ಆರಾಧನೆಯನ್ನು ಹೊರಗಿನವರು ಮಾಟ, ಮೂಢನಂಬಿಕೆ ಅಂತ ಜರಿಯುತ್ತಿದ್ದರು. ಡನ್‌ಹ್ಯಾಮ್ ಅದರೊಳಗೆ ದೀಕ್ಷೆ ಪಡೆದಳು. ಯಾವ ಹೆಜ್ಜೆ ಯಾವ ದೈವಕ್ಕೆ, ಯಾವ ಬಡಿತ ಯಾವ ಘಳಿಗೆಗೆ ಅಂತ ಗುರುತಿಸಿ ವಿಂಗಡಿಸಿದಳು. ಹಾಗಂತ ಆಕೆಯನ್ನು ಬರೀ ಬಳಗದವಳೆಂದು ಒಪ್ಪಿಕೊಂಡುಬಿಟ್ಟರೆ ಅರ್ಧಸತ್ಯವಾಗುತ್ತದೆ. ಅಮೆರಿಕದ ಹಣದ ಮೇಲೆ ಬಂದ ವಿದ್ವಾಂಸೆಯೂ ಆಕೆಯೇ. ಬಳಗ ಮತ್ತು ಪಾಂಡಿತ್ಯದ ನಡುವಿನ ಈ ಇಕ್ಕಟ್ಟು ಓದಿದ ದಲಿತನಿಗೆ ಹೊಸದಲ್ಲ.

1938ರಲ್ಲಿ ಶಿಕಾಗೋದಲ್ಲಿ ‘ಲಾಗ್ಯಾ’ ರಂಗಕ್ಕೆ ಬಂತು. ಮಾರ್ಟಿನೀಕ್ ದ್ವೀಪದ ಕಾದಾಟದ ಕುಣಿತ ಅದರ ಬುನಾದಿ. ನಂತರ ಬ್ರಾಡ್‌ವೇ, ಹಾಲಿವುಡ್. 1943ರ ‘ಸ್ಟಾರ್ಮಿ ವೆದರ್’ ಚಿತ್ರದಲ್ಲೂ ಆಕೆಯ ತಂಡ ಇದೆ. ಮಾರುಕಟ್ಟೆ ಈ ಕುಣಿತವನ್ನು ‘ಉಷ್ಣವಲಯದ ಮೋಜು’ ಅಂತ ಮಾರಿತು. ಹಣ ಬೇಕಿತ್ತು, ತಂಡ ಸಾಕಬೇಕಿತ್ತು. ಆದರೆ ಮೈಯನ್ನು ನೋಡಲು ಬಂದ ಬಿಳಿಯರು ಆ ಮೈಯೊಳಗಿನ ಚರಿತ್ರೆಯನ್ನು ನೋಡಿದರೇ ಅನ್ನುವ ಪ್ರಶ್ನೆ ಉಳಿದೇ ಉಳಿಯಿತು.

ಆಕೆ ಸುಮ್ಮನಿರಲಿಲ್ಲ. 1944ರಲ್ಲಿ ಕೆಂಟಕಿಯ ಲೂಯಿವಿಲ್‌ನಲ್ಲಿ ಪ್ರದರ್ಶನ ಮುಗಿದ ಮೇಲೆ, ಕಪ್ಪು ಜನ ಬಿಳಿಯರ ಪಕ್ಕ ಕೂರುವಂತಾಗುವವರೆಗೆ ಮತ್ತೆ ಇಲ್ಲಿ ಕುಣಿಯೋದಿಲ್ಲ ಅಂತ ಪ್ರೇಕ್ಷಕರ ಮುಖಕ್ಕೇ ಹೇಳಿದಳು. 1950ರಲ್ಲಿ ಬ್ರೆಜಿಲ್‌ನ ಸಾವೋ ಪಾಲೋದ ದೊಡ್ಡ ಹೋಟೆಲೊಂದು ಆಕೆಗೆ ಕೋಣೆ ನಿರಾಕರಿಸಿತು. ಆಕೆ ಅದನ್ನು ಬಹಿರಂಗ ಮಾಡಿದಳು. ಮರುವರ್ಷ ಜನಾಂಗಭೇದವನ್ನು ಶಿಕ್ಷಾರ್ಹಗೊಳಿಸಿದ ಅಫೊನ್ಸೊ ಅರಿನೋಸ್ ಕಾನೂನು ಬಂತು.

1951ರಲ್ಲಿ ಚಿಲಿಯ ಸ್ಯಾಂಟಿಯಾಗೋದಲ್ಲಿ ‘ಸೌತ್‌ಲ್ಯಾಂಡ್’ ಆಡಿದರು. ಬಿಳಿ ಹುಡುಗಿಯೊಬ್ಬಳ ಸುಳ್ಳು ದೂರು, ಗುಂಪು ಕೂಡಿ ಕಪ್ಪು ಕೂಲಿಯವನನ್ನು ಮರಕ್ಕೆ ನೇತುಹಾಕುವುದು: ಇಷ್ಟೇ ಕಥೆ. ನಮ್ಮ ಊರುಗಳಲ್ಲೂ ಇಂಥ ಕಥೆಗೆ ಅನುವಾದ ಬೇಕಿಲ್ಲ. ಅಮೆರಿಕದ ರಾಯಭಾರ ಕಚೇರಿಗೆ ಸಿಟ್ಟು ಬಂತು. 1953ರಲ್ಲಿ ಪ್ಯಾರಿಸ್‌ನಲ್ಲಿ ಆಡಿದ ಮೇಲೆ ತಂಡ ಅದನ್ನು ಕೈಬಿಡಬೇಕಾಯಿತು. ಬೇರೆ ನೃತ್ಯ ತಂಡಗಳನ್ನು ಸರ್ಕಾರಿ ಖರ್ಚಿನಲ್ಲಿ ವಿದೇಶಕ್ಕೆ ಕಳಿಸಿದ ಆ ಕಾಲದಲ್ಲಿ ಡನ್‌ಹ್ಯಾಮ್ ತಂಡಕ್ಕೆ ಆ ನೆರವು ಸಿಗಲಿಲ್ಲ.

ಇಷ್ಟಾದರೂ ನನ್ನ ಮಟ್ಟಿಗೆ ಆಕೆಯ ಹಿರಿಮೆ ಇರೋದು ಕಲಿಸುವುದರಲ್ಲಿ. 1940ರ ದಶಕದಲ್ಲಿ ನ್ಯೂಯಾರ್ಕ್‌ನಲ್ಲಿ ತೆರೆದ ಶಾಲೆಯಲ್ಲಿ ನೃತ್ಯದ ಜೊತೆಗೆ ನಾಟಕ, ಭಾಷೆ, ಮಾನವಶಾಸ್ತ್ರಗಳನ್ನೂ ಕಲಿಸುತ್ತಿದ್ದರು. ಅರ್ಥಾ ಕಿಟ್ ಅಲ್ಲಿ ಕಲಿತಳು. ಮಾರ್ಲನ್ ಬ್ರಾಂಡೋ ಕೂಡ ಅಲ್ಲಿಗೆ ಬಂದ. ‘ಡನ್‌ಹ್ಯಾಮ್ ಟೆಕ್ನಿಕ್’ ಅನ್ನುವ ಕ್ರಮ ರೂಪುಗೊಂಡಿತು. ತಲೆ, ಭುಜ, ಎದೆಗೂಡು, ಸೊಂಟ ಒಂದೊಂದೂ ಬೇರೆಬೇರೆಯಾಗಿ ಚಲಿಸಬೇಕು. ಒಂದೇ ಮೈ ಎರಡು ಮೂರು ಲಯಗಳನ್ನು ಏಕಕಾಲಕ್ಕೆ ಹಿಡಿಯಬೇಕು. ಚರ್ಮವಾದ್ಯ ಎದುರಿಗೇ ನುಡಿಯುತ್ತಿರಬೇಕು. ಬ್ಯಾಲೆಯನ್ನು ಆಕೆ ದೂರ ತಳ್ಳಲಿಲ್ಲ. ಅದನ್ನು ಕೆರಿಬಿಯನ್ ಕುಣಿತದ ಪಕ್ಕ ಸಮಾನವಾಗಿ ಕೂರಿಸಿದಳು. ಕಾಡುಜನರದ್ದು ಸಹಜ ಪ್ರತಿಭೆ, ಬಿಳಿಯರದ್ದು ಶಾಸ್ತ್ರ ಅನ್ನುವ ಪಂಕ್ತಿಭೇದ ಅಲ್ಲಿಗೆ ಮುರಿಯಿತು. ಯಾಕಂದ್ರೆ ‘ಸಹಜ’ ಅನ್ನುವ ಹೊಗಳಿಕೆಯಲ್ಲೂ ಒಂದು ಮೋಸವಿದೆ: ಕಲಿತ ವಿದ್ಯೆಯನ್ನು ಹುಟ್ಟಿನ ಗುಣ ಮಾಡಿಬಿಟ್ಟರೆ, ವಿದ್ಯಾವಂತ ಅನ್ನುವ ಗೌರವ ಕೊಡಬೇಕಾಗಿಲ್ಲ.

ಹೆಸರು ಮಾಡಿದ ಮೇಲೆ ಆಕೆ ನೆಲೆಸಿದ್ದು ಈಸ್ಟ್ ಸೇಂಟ್ ಲೂಯಿಸ್‌ನಲ್ಲಿ. 1917ರಲ್ಲಿ ಕಪ್ಪು ಜನರ ಕೊಲೆ ನಡೆದ, ಆಮೇಲೆ ಕಾರ್ಖಾನೆಗಳು ಬಿಟ್ಟುಹೋದ ಬಡ ಊರು. 1967ರಲ್ಲಿ ಅಲ್ಲಿ ಪ್ರದರ್ಶನ ಕಲೆಗಳ ತರಬೇತಿ ಕೇಂದ್ರ ಕಟ್ಟಿ, ಬೀದಿ ಗುಂಪುಗಳ ಹುಡುಗರಿಗೆ ವಾದ್ಯ, ಕುಣಿತ ಕಲಿಸಿದಳು. ಅದೇ ವರ್ಷ ಪೊಲೀಸರು ಹುಡುಗರನ್ನು ಹಿಡಿದಾಗ ಪ್ರಶ್ನಿಸಿ ತಾನೂ ಬಂಧನಕ್ಕೊಳಗಾದಳು. 1992ರಲ್ಲಿ, 82ನೇ ವಯಸ್ಸಿನಲ್ಲಿ, ಹೈಟಿಯ ನಿರಾಶ್ರಿತರನ್ನು ಅಮೆರಿಕ ವಾಪಸ್ ಅಟ್ಟುತ್ತಿದ್ದುದನ್ನು ಖಂಡಿಸಿ 47 ದಿನ ಉಪವಾಸ ಕೂತಳು. ಅರವತ್ತು ವರ್ಷದ ಹಿಂದೆ ಕಲಿಸಿದ ನೆಲದ ಋಣವನ್ನು ಮೈಯಿಂದಲೇ ತೀರಿಸುವ ಪ್ರಯತ್ನ ಅದು. 2006ರಲ್ಲಿ ತೀರಿಕೊಂಡಳು.

ಈ ಬದುಕಿನಿಂದ ನಮ್ಮ ವಿಮರ್ಶೆ ಏನು ಪಡೆಯಬಹುದು? ತಮಟೆಯನ್ನು ಮೈಲಿಗೆ ಅಂದವರೇ ಈಗ ಉತ್ಸವಗಳ ಮುಂದೆ ಅದನ್ನು ಬಡಿಸುತ್ತಾರೆ. ಇದನ್ನು ಗೌರವ ಅನ್ನೋಣವೆ? ತಮಟೆಗೆ ವೇದಿಕೆ ಸಿಕ್ಕಿತೇ ಅನ್ನುವುದು ಸಣ್ಣ ಪ್ರಶ್ನೆ. ಅದನ್ನು ಬಡಿಯುವ ಕೈ ಪಾಠ ಹೇಳುವ ಜಾಗಕ್ಕೆ ಬಂತೇ, ಆ ಬಡಿತಗಳಿಗೆ ಹೆಸರಿಟ್ಟು ಕ್ರಮ ಕಟ್ಟುವ ಅಧಿಕಾರ ಯಾರದ್ದು, ಕಲಿತವರು ಕೇರಿಗೆ ತಿರುಗಿ ಬಂದರೇ? ಇವು ದೊಡ್ಡ ಪ್ರಶ್ನೆಗಳು. ಪುಸ್ತಕ ಮುಚ್ಚಿ, ಕಿವಿ ತೆರೆದು ಕೇಳಬೇಕಾದ ಪ್ರಶ್ನೆಗಳು.